ಸಾಂಬಾನ ಬಂಡೆಯಿಂದ ಮಾಲೇಗಾಂವ್ ಮಗ್ಗದವರೆಗೆ

‘ಶೋಲೆ’ ಸಿನಿಮಾದಲ್ಲಿ ಗಬ್ಬರ್ ಸಿಂಗ್ ತನ್ನ ತಲೆಗೆ ಸರ್ಕಾರ ಎಷ್ಟು ಬಹುಮಾನ ಕಟ್ಟಿದೆ ಎಂದು ಕೇಳುತ್ತಾನೆ. ಬಂಡೆಯ ಮೇಲೆ ಬಂದೂಕು ಹಿಡಿದು ಕೂತ ಸಾಂಬಾ, ಪೂರ್ತಿ ಐವತ್ತು ಸಾವಿರ ಎಂದು ಉತ್ತರಿಸುತ್ತಾನೆ. ಆ ಸಿನಿಮಾ ಬಂದದ್ದು 1975ರ ಆಗಸ್ಟ್ 15ರಂದು. ಅದಾಗಿ ಇಪ್ಪತ್ತೈದು ವರ್ಷಕ್ಕೆ ಮಹಾರಾಷ್ಟ್ರದ ಮಾಲೇಗಾಂವ್ ಎಂಬ ನೇಕಾರರ ಊರಿನಲ್ಲಿ ಒಂದಷ್ಟು ಗೆಳೆಯರು ಸೇರಿ ‘ಮಾಲೇಗಾಂವ್ ಕೇ ಶೋಲೆ’ ಮಾಡಿದರು. ಅದರ ಒಟ್ಟು ಬಜೆಟ್ಟೂ ಸುಮಾರು ಐವತ್ತು ಸಾವಿರ ರೂಪಾಯಿಯೇ. ಒಬ್ಬ ಕಾಲ್ಪನಿಕ ಡಕಾಯಿತನ ತಲೆಯ ಬೆಲೆಯಲ್ಲಿ ಒಂದು ಊರು ಇಡೀ ಸಿನಿಮಾ ಮಾಡಿ ಮುಗಿಸಿತ್ತು.

ಇದು ಬರೀ ಕಾಕತಾಳೀಯ ಇರಬಹುದು. ಆದರೆ ಬಂಡೆಯ ಮೇಲೆ ಕೂತ ಆ ಸಾಂಬಾನಿಂದ ಮಾಲೇಗಾಂವ್‌ನ ಮಗ್ಗದ ಕೆಲಸಗಾರರವರೆಗೆ ಒಂದು ದಾರಿ ಇದೆ ಎಂದು ನನಗೆ ಅನ್ನಿಸುತ್ತದೆ. ಅದು ಪೋಷಕ ನಟರ ದಾರಿ. ನಮ್ಮ ಸಿನಿಮಾ ಚರಿತ್ರೆಗಳನ್ನು ನಾಯಕರ ಹೆಸರಿನಲ್ಲಿ ಬರೆಯುತ್ತೇವೆ. ಹೆಚ್ಚೆಂದರೆ ನಿರ್ದೇಶಕರ ಹೆಸರಿನಲ್ಲಿ. ಪಕ್ಕದಲ್ಲಿ ನಿಂತವರನ್ನು ಹಿಡಿದುಕೊಂಡು ಹೊರಟರೆ ಅದೇ ಚರಿತ್ರೆ ಬೇರೆ ಊರುಗಳ ಮೂಲಕ ಹಾದುಹೋಗುತ್ತದೆ. ನಾನು ಆ ದಾರಿಯಲ್ಲಿ ಒಂದಿಷ್ಟು ದೂರ ಹೋಗಿ ನೋಡುವ ಪ್ರಯತ್ನ ಮಾಡಿದ್ದೇನೆ.

ದಾರಿ ಶುರುವಾಗುವುದು ನಮ್ಮ ರಾಮನಗರದಲ್ಲಿ. ಬೆಂಗಳೂರಿನಿಂದ ಮೈಸೂರು ರಸ್ತೆಯಲ್ಲಿ ಐವತ್ತು ಕಿಲೋಮೀಟರ್ ಹೋದರೆ ಸಿಗುವ ಬಂಡೆಗಳ ಊರು. 1973ರ ಅಕ್ಟೋಬರಿನಲ್ಲಿ ರಮೇಶ್ ಸಿಪ್ಪಿ ಇಲ್ಲಿ ಚಿತ್ರೀಕರಣ ಶುರು ಮಾಡಿದರು. ಕಲಾ ನಿರ್ದೇಶಕ ರಾಮ್ ಯೇಡೇಕರ್ ಬೆಟ್ಟದ ಬುಡದಲ್ಲಿ ಒಂದು ಇಡೀ ಹಳ್ಳಿಯನ್ನೇ ಎಬ್ಬಿಸಿದರು. ಹೆದ್ದಾರಿಯಿಂದ ಅಲ್ಲಿಗೆ ರಸ್ತೆ ಆಯಿತು. ಆ ಜಾಗಕ್ಕೆ ಸಿಪ್ಪಿ ನಗರ ಎಂದು ಹೆಸರೂ ಬಿತ್ತು. ಬಾಂಬೆಯ ನಟರು ಅಲ್ಲಿಗೆ ಬಂದು ಹೋಗುತ್ತಲೇ ಇದ್ದರು.

ಹಾಗೆ ಬಂದು ಹೋದವರಲ್ಲಿ ಒಬ್ಬರು ಮ್ಯಾಕ್ ಮೋಹನ್. ಕರಾಚಿಯಲ್ಲಿ 1938ರಲ್ಲಿ ಹುಟ್ಟಿದವರು, ಪೂರ್ತಿ ಹೆಸರು ಮೋಹನ್ ಮಾಕಿಜಾನಿ. ಬಾಂಬೆಗೆ ಬಂದದ್ದು ಕ್ರಿಕೆಟರ್ ಆಗಲು. ರಂಗಭೂಮಿಯ ರುಚಿ ಹತ್ತಿ 1964ರ ‘ಹಕೀಕತ್’ ಹೊತ್ತಿಗೆ ಸಿನಿಮಾಕ್ಕೆ ಬಂದರು. ಶೋಲೆಯಲ್ಲಿ ಅವರ ಪಾತ್ರ ಕತ್ತರಿ ಪ್ರಯೋಗದ ನಂತರ ಹೆಚ್ಚುಕಡಿಮೆ ಒಂದೇ ಮಾತಿಗೆ ಇಳಿದಿತ್ತು. ಅದನ್ನು ನೋಡಿ ತಮಗೆ ಬಹಳ ಬೇಸರವಾಗಿತ್ತು ಎಂದು ಅವರೇ ಹೇಳಿಕೊಂಡಿದ್ದಾರೆ. ಆದರೆ ಆ ಒಂದು ಮಾತೇ ಅವರ ಹೆಸರಾಯಿತು. ಆಮೇಲೆ ಎಷ್ಟೋ ಸಿನಿಮಾಗಳಲ್ಲಿ ಬಾಸ್ ಪಕ್ಕ ನಿಲ್ಲುವ ಗಡ್ಡದ ಮನುಷ್ಯ ಅವರೇ. ಕೆಲವು ಸಿನಿಮಾಗಳಲ್ಲಂತೂ ಪಾತ್ರಕ್ಕೆ ಬೇರೆ ಹೆಸರು ಇಡುವ ಗೋಜಿಗೂ ಹೋಗದೆ ‘ಮ್ಯಾಕ್’ ಎಂದೇ ಬಿಟ್ಟರು. 1978ರ ‘ಡಾನ್’ ಅದಕ್ಕೊಂದು ಉದಾಹರಣೆ.

ಅದೇ ಬಂಡೆಗಳ ನಡುವೆ ಗಬ್ಬರ್‌ನ ಗುಂಡಿಗೆ ಬಿದ್ದ ಕಾಲಿಯಾ, ವಿಜು ಖೋಟೆ. ಅವರದ್ದು ನಟರ ಮನೆತನ: ತಂದೆ ನಂದು ಖೋಟೆ ರಂಗನಟ, ಅಕ್ಕ ಶುಭಾ ಖೋಟೆ. ಮರಾಠಿ ನಾಟಕ, ಹಿಂದಿ ಸಿನಿಮಾ ಎರಡರಲ್ಲೂ ದುಡಿದರು. 1993ರಲ್ಲಿ ದೂರದರ್ಶನದ ‘ಝಬಾನ್ ಸಂಭಾಲ್ ಕೇ’ ಧಾರಾವಾಹಿಯಲ್ಲಿ ಹಿಂದಿ ಕಲಿಯಲು ಬರುವ ಮರಾಠಿ ಮನುಷ್ಯನ ಪಾತ್ರ ಮಾಡಿದರು. ಮರುವರ್ಷ ‘ಅಂದಾಜ್ ಅಪ್ನಾ ಅಪ್ನಾ’ದ ರಾಬರ್ಟ್ ಆದರು. 2019ರ ಸೆಪ್ಟೆಂಬರ್ 30ರಂದು ತೀರಿಕೊಂಡಾಗ ಎಲ್ಲ ಪತ್ರಿಕೆಗಳ ತಲೆಬರಹದಲ್ಲೂ ಇದ್ದದ್ದು ‘ಕಾಲಿಯಾ’. ನಲವತ್ತು ವರ್ಷಕ್ಕೂ ಹೆಚ್ಚಿನ ಕೆಲಸ ಕೆಲವೇ ನಿಮಿಷಗಳ ಒಂದು ದೃಶ್ಯಕ್ಕೆ ಇಳಿದುಬಿಟ್ಟಿತ್ತು. ಇದನ್ನು ಅದೃಷ್ಟ ಅನ್ನಬೇಕೋ ಅನ್ಯಾಯ ಅನ್ನಬೇಕೋ ಎಂಬ ಪ್ರಶ್ನೆ ಪೋಷಕ ನಟರ ಬದುಕಿನಲ್ಲಿ ಮತ್ತೆ ಮತ್ತೆ ಬರುತ್ತದೆ.

ನಮ್ಮಲ್ಲೂ ಇದೆ. ರಾಮನಗರದಲ್ಲಿ ಶೋಲೆ ನಡೆಯುತ್ತಿದ್ದಾಗಲೇ, 1974ರಲ್ಲಿ, ಸಿದ್ಧಲಿಂಗಯ್ಯನವರ ‘ಭೂತಯ್ಯನ ಮಗ ಅಯ್ಯು’ ಬಂತು. ಭೂತಯ್ಯ ಸತ್ತ ಮನೆಗೆ ನುಗ್ಗಿ ಉಪ್ಪಿನಕಾಯಿ ತಿನ್ನುವ ಲೋಕನಾಥ್ ಅಂದಿನಿಂದ ‘ಉಪ್ಪಿನಕಾಯಿ ಲೋಕನಾಥ್’. 1970ರ ‘ಸಂಸ್ಕಾರ’ದಲ್ಲೂ ಇದ್ದವರು, ಸಾವಿರಕ್ಕೆ ಹತ್ತಿರದ ನಾಟಕ ಪ್ರದರ್ಶನ ಕಂಡವರು, ಮುಂದೆ ಟಿವಿ ಧಾರಾವಾಹಿಗಳಲ್ಲಿ ಎಲ್ಲರ ಮನೆಯ ಅಜ್ಜನಾದವರು. 2018ರ ಕೊನೆಯ ದಿನ ತೊಂಬತ್ತು ದಾಟಿದ ವಯಸ್ಸಿನಲ್ಲಿ ಹೋದರು. ಜನರ ನಾಲಿಗೆಯ ಮೇಲೆ ಉಳಿದದ್ದು ಆ ಜಾಡಿ.

ಕನ್ನಡದ ಶಬ್ದವನ್ನೇ ಒಮ್ಮೆ ನೋಡಿ. ಸಪೋರ್ಟಿಂಗ್ ಆಕ್ಟರ್ ಅಂದರೆ ಆಸರೆ ಕೊಡುವವನು, ಕಂಬ. ನಾವು ಹೇಳುವುದು ‘ಪೋಷಕ’ ನಟ, ಪೋಷಿಸುವವನು, ಸಾಕುವವನು. ಕಂಬ ನಿಂತರೆ ಸಾಕು, ಪೋಷಕ ದುಡಿಯಬೇಕು. ರಾಜ್ಯ ಸರ್ಕಾರ ಅತ್ಯುತ್ತಮ ಪೋಷಕ ನಟ ಪ್ರಶಸ್ತಿಗೆ ಕೆ.ಎಸ್. ಅಶ್ವಥ್ ಅವರ ಹೆಸರಿಟ್ಟಿದೆ. ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟ್ರನ್ನು ತೆಗೆದುಬಿಟ್ಟರೆ ರಾಮಾಚಾರಿಯ ಕೋಪಕ್ಕೆ ಅರ್ಥವೇ ಇರುವುದಿಲ್ಲ ಎಂಬುದು ಆ ಸಿನಿಮಾ ನೋಡಿದ ಎಲ್ಲರಿಗೂ ಗೊತ್ತು. ಆ ಶಬ್ದ ಸುಮ್ಮನೆ ಬಂದದ್ದಲ್ಲ.

ಅದಕ್ಕಿಂತ ದೊಡ್ಡ ಉದಾಹರಣೆ ಟಿ.ಎನ್. ಬಾಲಕೃಷ್ಣ. ಅರಸೀಕೆರೆಯವರು. ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ. ಎದುರಿನವರ ತುಟಿ ನೋಡಿ ಸಂಭಾಷಣೆಯ ಲಯ ಹಿಡಿಯುತ್ತಿದ್ದರು. ನಾಟಕ ಕಂಪನಿಗಳಲ್ಲಿ ಪಳಗಿ 1943ರ ‘ರಾಧಾರಮಣ’ದಿಂದ ಸಿನಿಮಾಕ್ಕೆ ಬಂದು ಐನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. ‘ಬಂಗಾರದ ಮನುಷ್ಯ’ದ ರಾಚೂಟಪ್ಪನನ್ನು ಮರೆತವರು ಯಾರು? ಕನ್ನಡ ಚಿತ್ರರಂಗ ಸೊರಗಿದ್ದ ಕಾಲದಲ್ಲಿ ರಾಜ್‌ಕುಮಾರ್, ನರಸಿಂಹರಾಜು, ಜಿ.ವಿ. ಅಯ್ಯರ್ ಜೊತೆ ಸೇರಿ ನಾಲ್ವರೂ ನಿರ್ಮಾಪಕರಾಗಿ 1960ರಲ್ಲಿ ‘ರಣಧೀರ ಕಂಠೀರವ’ ತಂದರು. ನಾಲ್ವರಲ್ಲಿ ತೆರೆಯ ಮೇಲೆ ನಾಯಕ ಒಬ್ಬರೇ. ಹಣ, ಓಡಾಟ, ಆತಂಕ ಎಲ್ಲವನ್ನೂ ಉಳಿದವರೂ ಹೊತ್ತರು. ಕೆಲಸ ಇಲ್ಲದಾಗ ಕೆಲಸವನ್ನು ತಾವೇ ಹುಟ್ಟಿಸಿಕೊಳ್ಳುವುದು ಪೋಷಕ ನಟರಿಗೆ ಗೊತ್ತಿದ್ದ ಒಂದೇ ದಾರಿ.

ಆಮೇಲೆ ಬಾಲಣ್ಣ ಕನ್ನಡಕ್ಕೊಂದು ಸ್ಟುಡಿಯೋ ಬೇಕೆಂದು ಹಟ ಹಿಡಿದು, ಸರ್ಕಾರದಿಂದ ಜಮೀನು ಪಡೆದು, ಮೈಸೂರು ರಸ್ತೆ ಕಡೆಗೆ ‘ಅಭಿಮಾನ್ ಸ್ಟುಡಿಯೋ’ ಕಟ್ಟಲು ಹೊರಟರು. ಶೋಲೆಯ ಹಳ್ಳಿ ಎದ್ದ ರಾಮನಗರಕ್ಕೆ ಹೋಗುವ ದಿಕ್ಕಿನಲ್ಲೇ ಅದು. ಅಂದುಕೊಂಡಂತೆ ಅದು ಬೆಳೆಯಲಿಲ್ಲ. ಬಾಲಣ್ಣ 1995ರಲ್ಲಿ ತೀರಿಕೊಂಡರು. 2009ರ ಡಿಸೆಂಬರ್ 30ರಂದು ವಿಷ್ಣುವರ್ಧನ್ ನಿಧನರಾದಾಗ ಅವರ ಅಂತ್ಯಕ್ರಿಯೆ ಅಲ್ಲಿ ನಡೆಯಿತು. ಅಂದಿನಿಂದ ಆ ಜಾಗ ಜನರ ಬಾಯಲ್ಲಿ ‘ವಿಷ್ಣು ಸಮಾಧಿ’. ಅದರ ಸುತ್ತ ವ್ಯಾಜ್ಯ, ಪ್ರತಿಭಟನೆ ಎಲ್ಲ ನಡೆದಿದೆ. ಅಭಿಮಾನಿಗಳ ನೋವು ದೊಡ್ಡದು, ಅದನ್ನು ನಾನು ಸಣ್ಣದು ಮಾಡುತ್ತಿಲ್ಲ. ಆದರೆ ಒಬ್ಬ ಪೋಷಕ ನಟ ಜೀವಮಾನದ ದುಡಿಮೆ ಸುರಿದ ನೆಲವೂ ಕೊನೆಗೆ ಒಬ್ಬ ನಾಯಕನ ಹೆಸರಿನಿಂದಲೇ ಗುರುತಾಯಿತು ಎನ್ನುವುದನ್ನು ಮಾತ್ರ ಗಮನಿಸಬೇಕು.

ಈಗ ಮಾಲೇಗಾಂವ್.

ಪುಣೆಯಲ್ಲಿ ಕೆಲಸ ಮಾಡುವ ನನ್ನಂಥವರಿಗೆ ಮಾಲೇಗಾಂವ್ ಅಂದರೆ ಸುದ್ದಿಯಲ್ಲಿ ಕೇಳಿದ ಹೆಸರು. 2006ರ ಸೆಪ್ಟೆಂಬರ್ 8ರ ಸ್ಫೋಟಗಳು, 2008ರ ಸೆಪ್ಟೆಂಬರ್ 29ರ ಸ್ಫೋಟ, ವರ್ಷಾನುಗಟ್ಟಲೆ ನಡೆದ ಮೊಕದ್ದಮೆಗಳು. ಊರು ಅದಕ್ಕಿಂತ ಹಳೆಯದು, ದೊಡ್ಡದು. ನಾಸಿಕ್ ಜಿಲ್ಲೆಯಲ್ಲಿ ಮೋಸಂ ಮತ್ತು ಗಿರಣಾ ನದಿಗಳು ಕೂಡುವ ಕಡೆ, ನಾಸಿಕ್‌ನಿಂದ ಸುಮಾರು ನೂರು ಕಿಲೋಮೀಟರ್ ದೂರದಲ್ಲಿ, ಮುಂಬೈ–ಆಗ್ರಾ ರಸ್ತೆಯ ಮೇಲಿದೆ. ಪೇಶ್ವೆ ಕಾಲದ ಸರದಾರ ನಾರೋ ಶಂಕರ್ ಇಲ್ಲಿ ಕೋಟೆ ಕಟ್ಟಿಸಿದ. 1818ರಲ್ಲಿ ಬ್ರಿಟಿಷರು ಅದನ್ನು ಮುತ್ತಿಗೆ ಹಾಕಿ ಹಿಡಿದರು. 1857ರ ದಂಗೆಯ ನಂತರ ಉತ್ತರದ ಬನಾರಸ್ ಕಡೆಯ ಮುಸ್ಲಿಂ ನೇಕಾರ ಕುಟುಂಬಗಳು ಆಗ್ರಾ ರಸ್ತೆ ಹಿಡಿದು ದಕ್ಷಿಣಕ್ಕೆ ಬಂದು ಇಲ್ಲಿ ನೆಲೆಯಾದವು. ಅವರ ಜೊತೆ ಉರ್ದುವೂ ಬಂತು. ಕೈಮಗ್ಗ ಹೋಗಿ ಪವರ್‌ಲೂಮ್ ಬಂತು. 2011ರ ಜನಗಣತಿ ಹೊತ್ತಿಗೆ ಊರಿನ ಜನಸಂಖ್ಯೆ ಸುಮಾರು ನಾಲ್ಕೂ ಮುಕ್ಕಾಲು ಲಕ್ಷ. ಮಗ್ಗಗಳನ್ನೂ ಲಕ್ಷದ ಲೆಕ್ಕದಲ್ಲೇ ಎಣಿಸುತ್ತಾರೆ. ನದಿಯ ಒಂದು ಕಡೆ ಮುಸ್ಲಿಮರು, ಇನ್ನೊಂದು ಕಡೆ ಹಿಂದೂಗಳು ಹೆಚ್ಚು.

ನಾನು ಬನಹಟ್ಟಿಯವನು. ಮಗ್ಗದ ಊರಿನಲ್ಲಿ ಹುಟ್ಟಿದವರಿಗೆ ಒಂದು ಸಂಗತಿ ಗೊತ್ತಿರುತ್ತದೆ: ಸದ್ದು ನಿಂತರೆ ನಿದ್ದೆಯಿಂದ ಎಚ್ಚರವಾಗುತ್ತದೆ. ರಬಕವಿ-ಬನಹಟ್ಟಿಯಲ್ಲಿರಲಿ, ಮಾಲೇಗಾಂವ್‌ನಲ್ಲಿರಲಿ, ಹನ್ನೆರಡು ಗಂಟೆಯ ಪಾಳಿಯಲ್ಲಿ ದುಡಿಯುವವರಿಗೆ ಪಕ್ಕದವನ ಮಾತು ಕಿವಿಗೆ ಬೀಳುವುದಿಲ್ಲ. ತುಟಿ ನೋಡಿ, ಕೈಸನ್ನೆಯಲ್ಲಿ ಮಾತು ನಡೆಯುತ್ತದೆ. ಬಾಲಣ್ಣ ತುಟಿ ನೋಡಿ ನಟಿಸುತ್ತಿದ್ದರು ಎಂದು ಮೊದಲು ಓದಿದಾಗ ನನಗೆ ನೆನಪಾದದ್ದು ನಮ್ಮ ಓಣಿಯ ನೇಕಾರರು. ಮಾಲೇಗಾಂವ್‌ನಲ್ಲಿ ಶುಕ್ರವಾರ ಮಗ್ಗಕ್ಕೆ ರಜೆ. ವಾರವಿಡೀ ಸದ್ದು, ಶುಕ್ರವಾರ ಸಿನಿಮಾ. ಈ ಊರಿನ ಚಿತ್ರೋದ್ಯಮಕ್ಕೆ ಮೂಲ ಕಾರಣ ಈ ಒಂದು ದಿನದ ರಜೆ.

ಎರಡನೆಯ ಕಾರಣ ವಿಡಿಯೋ ಪಾರ್ಲರ್. ಶೇಖ್ ನಾಸಿರ್ ಎಂಬ ಯುವಕ ಇಂಥ ಒಂದು ಪಾರ್ಲರ್ ನಡೆಸುತ್ತಿದ್ದರು. ಊರಿನ ಉಳಿದ ಪಾರ್ಲರ್‌ಗಳು ಹಿಂದಿ ಸಿನಿಮಾ ಹಾಕಿದರೆ ನಾಸಿರ್ ಚಾಪ್ಲಿನ್, ಬ್ರೂಸ್ ಲೀ, ಜಾಕಿ ಚಾನ್ ಹಾಕುತ್ತಿದ್ದರು. ಭಾಷೆ ಬಾರದ ಪ್ರೇಕ್ಷಕರಿಗೆ ಮಾತು ಬೋರಾಗುತ್ತದೆಂದು ಎರಡು ವಿಸಿಆರ್ ಜೋಡಿಸಿ ಮಾತಿನ ಭಾಗ ಕತ್ತರಿಸಿ, ಹೊಡೆದಾಟ ಮಾತ್ರ ಉಳಿಸಿ ತೋರಿಸುತ್ತಿದ್ದರು. ಅವರ ಸಂಕಲನದ ಶಾಲೆ ಅದೇ. ಪೈರಸಿಗಾಗಿ ಪೊಲೀಸರ ದಾಳಿ ಶುರುವಾದಾಗ, ಬೇರೆಯವರ ಸಿನಿಮಾ ತೋರಿಸುವುದಕ್ಕಿಂತ ನಮ್ಮದನ್ನೇ ಮಾಡೋಣ ಎಂಬ ಯೋಚನೆ ಬಂತು. ಮೂರನೆಯ ಕಾರಣ ಮದುವೆಯ ವಿಡಿಯೋ ಕ್ಯಾಮೆರಾ. ಆ ಹೊತ್ತಿಗೆ ಅಂಥ ಕ್ಯಾಮೆರಾ ಸಣ್ಣ ಊರುಗಳಲ್ಲೂ ಬಾಡಿಗೆಗೆ ಸಿಗುತ್ತಿತ್ತು. ರಜೆ, ಪ್ರದರ್ಶನದ ಜಾಗ, ಕ್ಯಾಮೆರಾ. ಇನ್ನು ಬೇಕಿದ್ದದ್ದು ನಟರು.

ನಟರಿಗೆ ಬರವಿರಲಿಲ್ಲ. ಪ್ರತಿ ಬೀದಿಯಲ್ಲೂ ಒಬ್ಬ ಅಮಿತಾಭ್, ಒಬ್ಬ ಧರ್ಮೇಂದ್ರ ಇದ್ದ. ನಮ್ಮ ಜಾತ್ರೆ, ಆರ್ಕೆಸ್ಟ್ರಾಗಳಲ್ಲಿ ಜೂನಿಯರ್ ರಾಜ್‌ಕುಮಾರ್, ಜೂನಿಯರ್ ವಿಷ್ಣುವರ್ಧನ್ ಇರುವ ಹಾಗೆ. ‘ಮಾಲೇಗಾಂವ್ ಕೇ ಶೋಲೆ’ಯಲ್ಲಿ ಗಬ್ಬರ್ ಹೋಗಿ ರಬ್ಬರ್ ಸಿಂಗ್ ಆದ, ಬಸಂತಿ ಹೋಗಿ ಬಾಸ್ಮತಿ ಆದಳು. ಡಕಾಯಿತರು ಕುದುರೆ ಬಿಟ್ಟು ಸೈಕಲ್ಲಿನ ಮೇಲೆ ಬಂದರು. ರೈಲಿನ ದರೋಡೆ ಬಸ್ಸಿಗೆ ಬದಲಾಯಿತು. ಮೂಲ ಶೋಲೆಯಲ್ಲಿ ರೈಲಿನ ದೃಶ್ಯಕ್ಕೇ ಏಳು ವಾರ ಹಿಡಿದಿತ್ತು, ಒಟ್ಟು ಖರ್ಚು ಮೂರು ಕೋಟಿ. ಇವರು ಎತ್ತಿನ ಗಾಡಿಯ ನೊಗ ಎತ್ತಿ ಇಳಿಸಿ ಕ್ರೇನ್ ಮಾಡಿಕೊಂಡರು, ಸೈಕಲ್ಲನ್ನೇ ಟ್ರಾಲಿ ಮಾಡಿಕೊಂಡರು. ಸಿನಿಮಾ ಊರಿನ ವಿಡಿಯೋ ಹಾಲಿನಲ್ಲಿ ಎರಡು ತಿಂಗಳು ಓಡಿತು, ಹಾಕಿದ ದುಡ್ಡು ಕೆಲವು ಪಟ್ಟು ವಾಪಸ್ ಬಂತು.

ಇದನ್ನು ಓದುವಾಗ ನಗು ಬರುತ್ತದೆ. ಬರಲಿ, ಅದು ಹಾಸ್ಯ ಚಿತ್ರವೇ. ಆದರೆ ಒಂದು ವ್ಯತ್ಯಾಸ ನೋಡಿ. ಮುಂಬೈ ಶೋಲೆಯಲ್ಲಿ ನಾಯಕರು, ಪೋಷಕರು, ಗುಂಪಿನಲ್ಲಿ ನಿಂತ ಊರವರು ಎಂಬ ಮೂರು ಮೆಟ್ಟಿಲು ಇದ್ದವು. ಮಾಲೇಗಾಂವ್ ಶೋಲೆಯಲ್ಲಿ ಆ ಮೆಟ್ಟಿಲುಗಳೇ ಇಲ್ಲ. ನಾಯಕನೂ ಇನ್ನೊಬ್ಬ ನಾಯಕನ ನೆರಳೇ. ಅಮಿತಾಭ್ ಆಗಿ ನಿಂತವನೂ ಅಮಿತಾಭ್ ಎಂಬ ಹೆಸರಿಗೆ ಪೋಷಕ. ಶನಿವಾರ ಎಲ್ಲರೂ ಮಗ್ಗಕ್ಕೆ, ಅಂಗಡಿಗೆ ವಾಪಸ್. ಇಡೀ ಊರೇ ಪೋಷಕ ನಟರ ಊರು.

ಉತ್ತರ ಕರ್ನಾಟಕದವರಿಗೆ ಇದು ತೀರಾ ಹೊಸದೇನಲ್ಲ. ನಮ್ಮಲ್ಲಿ ಜಾತ್ರೆಗೆ ಹವ್ಯಾಸಿ ನಾಟಕ ಆಡುವಾಗ ಪಾತ್ರಧಾರಿಗಳೇ ಕೈಯಿಂದ ದುಡ್ಡು ಹಾಕುತ್ತಾರೆ. ಹಳೆ ಮೈಸೂರಿನ ‘ಕುರುಕ್ಷೇತ್ರ’ ನಾಟಕಗಳಲ್ಲಂತೂ ಪಾತ್ರದ ತೂಕಕ್ಕೆ ತಕ್ಕ ದರ: ದುರ್ಯೋಧನನಿಗೆ ಹೆಚ್ಚು, ಸಣ್ಣ ಪಾತ್ರಕ್ಕೆ ಕಡಿಮೆ. ನಟನಿಗೆ ಸಂಬಳ ಸಿಗುವುದಿಲ್ಲ, ನಟನೇ ಸಂಬಳ ಕೊಡುತ್ತಾನೆ. ಇನ್ನೊಂದು ಸಾಮ್ಯವೂ ಇದೆ. ನಮ್ಮ ಹಳ್ಳಿ ನಾಟಕಗಳಿಗೆ ನಟಿಯರನ್ನು ಹೊರಗಿನಿಂದ ದುಡ್ಡು ಕೊಟ್ಟು ಕರೆಸುತ್ತೇವೆ. ಮಾಲೇಗಾಂವ್ ಕೂಡ ಹಾಗೆಯೇ. ಊರಿನ ಹೆಣ್ಣುಮಕ್ಕಳು ಕ್ಯಾಮೆರಾ ಮುಂದೆ ಬರುವ ಹಾಗಿಲ್ಲ. ನಾಯಕಿಯರು ಬೇರೆ ಊರುಗಳಿಂದ ಬರುತ್ತಾರೆ, ದುಡ್ಡು ಪಡೆದು ಹೋಗುತ್ತಾರೆ. ಎರಡೂ ಕಡೆ, ವೃತ್ತಿಪರಳು ಎಂದರೆ ಆ ಒಬ್ಬಳೇ. ಎರಡೂ ಕಡೆ ಅವಳ ಹೆಸರನ್ನೇ ಮೊದಲು ಮರೆಯುತ್ತಾರೆ. ಊರೆಲ್ಲ ಸೇರಿ ಕಟ್ಟಿದ ಕಲೆ ಎಂದು ಹೆಮ್ಮೆ ಪಡುವಾಗ ಊರಿನ ಅರ್ಧ ಜನ ಅದರಲ್ಲಿ ಇರಲೇ ಇಲ್ಲ ಎಂಬುದನ್ನೂ ಬರೆಯಬೇಕು.

ಶೋಲೆಯ ನಂತರ ಮಾಲೇಗಾಂವ್ ಹಿಂದಿರುಗಿ ನೋಡಲಿಲ್ಲ. ಒಂದರ ಹಿಂದೊಂದು ಅಣಕು ಚಿತ್ರಗಳು ಬಂದವು. ಜನ ‘ಮಾಲಿವುಡ್’ ಎಂದು ಕರೆದರು. ಫರೋಘ್ ಜಾಫ್ರಿಯವರಂಥ ಉರ್ದು ಬಲ್ಲ ಬರಹಗಾರರು ಚಿತ್ರಕಥೆ ಬರೆದರು. ಹಿಂದಿ ಸಿನಿಮಾ ಅಣಕಿಸಿದ್ದು ಸಾಕೆನಿಸಿ ನಾಸಿರ್ ಹಾಲಿವುಡ್ಡಿಗೆ ಕೈ ಹಾಕಿದರು: ‘ಮಾಲೇಗಾಂವ್ ಕಾ ಸೂಪರ್‌ಮ್ಯಾನ್’. ಆ ಚಿತ್ರ ತಯಾರಾಗುತ್ತಿದ್ದುದನ್ನು ಫೈಝಾ ಅಹ್ಮದ್ ಖಾನ್ ಎಂಬ ನಿರ್ದೇಶಕಿ ಸಾಕ್ಷ್ಯಚಿತ್ರವಾಗಿ ಹಿಡಿದರು. 2008ರ ಆ ‘ಸೂಪರ್‌ಮೆನ್ ಆಫ್ ಮಾಲೇಗಾಂವ್’ ಕಾರಣದಿಂದಲೇ ಜಗತ್ತಿಗೆ ಈ ಊರಿನ ಸಿನಿಮಾ ಗೊತ್ತಾದದ್ದು.

ಸೂಪರ್‌ಮ್ಯಾನ್ ಆದವರು ಶಫೀಕ್ ಶೇಖ್. ಮಗ್ಗದ ಕೆಲಸಗಾರ. ಸಣಕಲು ಮೈ, ಮುಖದಲ್ಲಿ ನಾಚಿಕೆ. ನೀಲಿ ಉಡುಪಿನ ಮೇಲೆ ಚಡ್ಡಿ, ಅದರಿಂದ ಇಳಿಬಿದ್ದ ಲಾಡಿ, ಕಾಲಲ್ಲಿ ಹವಾಯಿ ಚಪ್ಪಲಿ. ಹಾರುವ ದೃಶ್ಯಕ್ಕೆ ಹಸಿರು ಬಟ್ಟೆಯ ಮುಂದೆ ಗಳಕ್ಕೆ ಹೊಟ್ಟೆ ಆನಿಸಿ ಮಲಗಿಸಿದರು. ಈಜು ಬಾರದವರನ್ನು ನೀರಿಗೂ ಇಳಿಸಿದರು. ಚಿತ್ರೀಕರಣದ ನಡುವೆಯೇ ಅವರ ಮದುವೆಯೂ ಆಯಿತು. ಸಾಕ್ಷ್ಯಚಿತ್ರದಲ್ಲಿ ಅವರು ಹೆಚ್ಚು ಮಾತಾಡುವುದಿಲ್ಲ. ಹೇಳಿದ್ದನ್ನು ಮಾಡುತ್ತಾರೆ, ಕಾಯುತ್ತಾರೆ, ಮತ್ತೆ ಮಾಡುತ್ತಾರೆ. ನಾಯಕನ ಪಾತ್ರ ಸಿಕ್ಕರೂ ಅವರ ನಡತೆ ಪೋಷಕ ನಟನದ್ದೇ. ಇನ್ನೊಬ್ಬರ ಕನಸಿಗೆ ತನ್ನ ಮೈ ಕೊಡುವವನದ್ದು.

ಆ ಸಿನಿಮಾದ ಖಳನಾಯಕನಿಗೆ ಗಲೀಜು ಇಷ್ಟ, ತಂಬಾಕು ಇಷ್ಟ. ಊರೆಲ್ಲ ಉಗುಳುತ್ತಿರಬೇಕು ಎಂಬುದು ಅವನ ಆಸೆ. ಸೂಪರ್‌ಮ್ಯಾನ್ ಹೋರಾಡುವುದು ಅದರ ವಿರುದ್ಧ. ಮಗ್ಗದ ಊರುಗಳಲ್ಲಿ ಇದು ಜೋಕ್ ಅಲ್ಲ. ಹನ್ನೆರಡು ಗಂಟೆಯ ರಾತ್ರಿಪಾಳಿಯಲ್ಲಿ ಎಚ್ಚರವಾಗಿರಲು, ಹಸಿವು ತಡೆಯಲು ಬಾಯಿಗೆ ತಂಬಾಕು ಹಾಕುವುದು ಬನಹಟ್ಟಿಯಲ್ಲೂ ಇದೆ, ಇಳಕಲ್ಲಿನಲ್ಲೂ ಇದೆ. ಹತ್ತಿಯ ಧೂಳು, ನಿದ್ದೆಗೆಟ್ಟ ಕಣ್ಣು, ತಂಬಾಕು: ಈ ಮೂರೂ ಮಗ್ಗದವನ ಆಯುಷ್ಯವನ್ನು ಕಡಿಯುತ್ತವೆ ಎಂದು ಹೇಳಲು ಡಾಕ್ಟರ್ ಬೇಕಿಲ್ಲ. ಶಫೀಕ್‌ಗೆ ಕ್ಯಾನ್ಸರ್ ಆಯಿತು. ಸಾಕ್ಷ್ಯಚಿತ್ರ ಭಾರತದ ಚಿತ್ರಮಂದಿರಗಳಿಗೆ ಬಂದದ್ದು 2012ರ ಜೂನಿನಲ್ಲಿ. ಆ ಹೊತ್ತಿಗೆ ಸೂಪರ್‌ಮ್ಯಾನ್ ಬದುಕಿರಲಿಲ್ಲ. ಮ್ಯಾಕ್ ಮೋಹನ್ 2010ರ ಮೇ 10ರಂದು ತೀರಿಕೊಂಡದ್ದೂ ಕ್ಯಾನ್ಸರಿನಿಂದಲೇ. ಆದರೆ ಅವರಿಗೆ ಎಪ್ಪತ್ತು ದಾಟಿತ್ತು, ಬದುಕಿಡೀ ನಟನೆಯಿಂದಲೇ ಅನ್ನ ಸಿಕ್ಕಿತ್ತು. ಶಫೀಕ್ ಇನ್ನೂ ಯುವಕ. ಒಂದು ಚಿತ್ರದ ಖ್ಯಾತಿ ಬಂದು ತಲುಪುವ ಮೊದಲೇ ಹೊರಟುಹೋದರು.

ಟಿವಿ ಕೂಡ ಈ ಊರಿಗೆ ಒಮ್ಮೆ ಬಾಗಿಲು ತೆರೆಯಿತು. ನಾಸಿರ್ ಅವರ ಮಾತಿಲ್ಲದ ಹಾಸ್ಯ ಸರಣಿ ‘ಮಾಲೇಗಾಂವ್ ಕಾ ಚಿಂಟೂ’ ಸಬ್ ಟಿವಿಯಲ್ಲಿ ಪ್ರಸಾರವಾಯಿತು. ಮಿಸ್ಟರ್ ಬೀನ್ ಮಾದರಿಯದು. ಮಗ್ಗದ ಸದ್ದಿನಲ್ಲಿ ಬೆಳೆದವರಿಗೆ ಮಾತಿಲ್ಲದ ಅಭಿನಯ ಸಹಜವಾಗಿ ಬಂದಿರಬೇಕು ಎನ್ನುವುದು ನನ್ನ ಊಹೆ. ಆದರೆ ಲೋಕನಾಥ್, ವಿಜು ಖೋಟೆ ಅಂಥವರಿಗೆ ಟಿವಿ ಕೊಟ್ಟ ಭದ್ರತೆಯನ್ನು ಮಾಲೇಗಾಂವ್‌ಗೆ ಕೊಡಲಿಲ್ಲ. ಕಾರಣ ಸರಳ. ಪೋಷಕ ನಟನಿಗೆ ಬೇಕಿರುವುದು ದಿನವೂ ಸಿಗುವ ಕೆಲಸ. ಸ್ಟುಡಿಯೋಗಳು ಇರುವ ನಗರದಲ್ಲಿ ಬಾಡಿಗೆ ಮನೆ ಹಿಡಿದು, ಕರೆ ಬಂದ ಕೂಡಲೇ ಓಡುವಂತಿರಬೇಕು. ಸೀರಿಯಲ್ಲಿನ ಅಪ್ಪ, ಚಿಕ್ಕಪ್ಪ, ಮನೆಕೆಲಸದವನ ಪಾತ್ರ ಮಾಡುವವರು ಬೆಂಗಳೂರಿನಲ್ಲೇ ಇರಬೇಕು. ಬನಹಟ್ಟಿಯಿಂದ ಬಂದು ಹೋಗಲು ಆಗುವುದಿಲ್ಲ. ನಮ್ಮ ಕಡೆಯ ಎಷ್ಟೋ ರಂಗನಟರು ಬೆಂಗಳೂರಿಗೆ ಬಂದು ನಿಂತದ್ದು, ಎಷ್ಟೋ ಜನ ನಿಲ್ಲಲಾಗದೆ ತಿರುಗಿ ಹೋದದ್ದು ಇದೇ ಕಾರಣಕ್ಕೆ. ಮಾಲೇಗಾಂವ್‌ನಿಂದ ಮುಂಬೈಗೆ ಮುನ್ನೂರು ಕಿಲೋಮೀಟರ್ ಕೂಡ ಇಲ್ಲ. ಮನೆ, ಮಗ್ಗ, ಸಂಸಾರ ಇರುವವನಿಗೆ ಅದು ಬಹಳ ದೂರ.

ಇನ್ನೊಂದು ತೊಡಕು ಕಾನೂನಿನದ್ದು. ಮಾಲೇಗಾಂವ್ ಚಿತ್ರಗಳು ಬೇರೆಯವರ ಕಥೆ, ಬೇರೆಯವರ ಸಂಗೀತದ ಮೇಲೆ ನಿಂತಿದ್ದವು. ವಿಡಿಯೋ ಹಾಲಿನಲ್ಲಿ ನಡೆಯುತ್ತದೆ. ದೊಡ್ಡ ಮಾರುಕಟ್ಟೆಗೆ ಹೋದರೆ ಹಕ್ಕಿನ ಪ್ರಶ್ನೆ ಬರುತ್ತದೆ. ಕರಾರಿಲ್ಲದ ಕಡೆ ನಟನಿಗೂ ಕರಾರಿಲ್ಲ. ಸಿನಿಮಾ ಮತ್ತೆ ಮಾರಾಟವಾದರೆ ಸೈಕಲ್ ಹೊಡೆದ ಡಕಾಯಿತನಿಗೆ ಪಾಲಿಲ್ಲ. ಹಾಗೆ ನೋಡಿದರೆ ಮೂಲ ಶೋಲೆ ಮತ್ತೆ ಮತ್ತೆ ಬಿಡುಗಡೆಯಾದಾಗಲೂ ಬಂಡೆಯ ಮೇಲೆ ಕೂತವರಿಗೆ ಪಾಲು ಹೋಗುವ ಪದ್ಧತಿ ನಮ್ಮ ದೇಶದಲ್ಲಿ ಬೆಳೆಯಲೇ ಇಲ್ಲ. ಒಂದು ಸಲದ ಕೂಲಿ, ಅಷ್ಟೇ. ನಮ್ಮ ಸಾಫ್ಟ್‌ವೇರ್ ಕೆಲಸವೂ ಹಾಗೆಯೇ ಅಲ್ಲವೇ ಎಂದು ನೀವು ಕೇಳಬಹುದು. ನಿಜ. ಆದರೆ ನಮ್ಮ ಕೋಡಿನ ಮೇಲೆ ನಮ್ಮ ಮುಖ ಇರುವುದಿಲ್ಲ. ಇವರದ್ದು ಮುಖವೇ ಮಾರಾಟವಾಗುವುದು.

ಅಷ್ಟರಲ್ಲಿ ವಿಡಿಯೋ ಪಾರ್ಲರುಗಳೇ ಮುಚ್ಚಿದವು. ಸಿಡಿ ಬಂತು, ಪೆನ್‌ಡ್ರೈವ್ ಬಂತು, ಮೊಬೈಲ್ ಬಂತು. ಮೊದಲ ಅಲೆಯ ಮಾಲಿವುಡ್ ಅಲ್ಲಿಗೆ ಮುಗಿಯಿತು. ಎರಡನೆಯ ಅಲೆ ಯೂಟ್ಯೂಬಿನದ್ದು. ಖಾಂದೇಶಿ ಹಾಸ್ಯ ಎಂದು ಕರೆಯುವ ಸಣ್ಣ ವಿಡಿಯೋಗಳು ಈ ಪ್ರದೇಶದಿಂದ ಬರತೊಡಗಿದವು. ಕುಳ್ಳ ಮೈಕಟ್ಟಿನ ‘ಛೋಟೂ ದಾದಾ’ ನಟಿಸಿದ ವಿಡಿಯೋಗಳನ್ನು ಕೋಟಿಗಟ್ಟಲೆ ಸಲ ನೋಡಿದ್ದಾರೆ. ನಮ್ಮ ಬಾಗಲಕೋಟೆ, ಬೆಳಗಾವಿ ಕಡೆ ಯೂಟ್ಯೂಬ್ ಹಾಸ್ಯ ತಂಡಗಳು ಹುಟ್ಟಿದ ರೀತಿಯೂ ಇದೇ. ಪಕ್ಕದಲ್ಲಿ ನಿಂತು ನಗಿಸುತ್ತಿದ್ದವನೇ ಮೊದಲ ಸಲ ಥಂಬ್‌ನೇಲಿನ ಮಧ್ಯಕ್ಕೆ ಬಂದಿದ್ದಾನೆ. ಇದು ಒಳ್ಳೆಯ ಬದಲಾವಣೆ ಎಂದೇ ನನ್ನ ಅಭಿಪ್ರಾಯ, ಆ ನಗುವಿನ ಮಟ್ಟದ ಬಗ್ಗೆ ತಕರಾರು ಏನೇ ಇರಲಿ.

2024ರಲ್ಲಿ ಈ ಊರಿನ ಕಥೆ ದೊಡ್ಡ ಪರದೆಗೆ ಬಂತು. ರೀಮಾ ಕಾಗ್ತಿ ನಿರ್ದೇಶನದ, ವರುಣ್ ಗ್ರೋವರ್ ಬರೆದ ‘ಸೂಪರ್‌ಬಾಯ್ಸ್ ಆಫ್ ಮಾಲೇಗಾಂವ್’ ಟೊರಾಂಟೊ ಚಿತ್ರೋತ್ಸವದಲ್ಲಿ ಮೊದಲು ಪ್ರದರ್ಶನವಾಗಿ, 2025ರ ಫೆಬ್ರುವರಿ 28ರಂದು ಇಲ್ಲಿ ಬಿಡುಗಡೆಯಾಯಿತು. ನಾಸಿರ್ ಪಾತ್ರಕ್ಕೆ ಆದರ್ಶ್ ಗೌರವ್, ಶಫೀಕ್ ಪಾತ್ರಕ್ಕೆ ಶಶಾಂಕ್ ಅರೋರಾ, ಬರಹಗಾರ ಫರೋಘ್ ಪಾತ್ರಕ್ಕೆ ವಿನೀತ್ ಕುಮಾರ್ ಸಿಂಗ್. ವಿನೀತ್ ಅವರದ್ದೇ ದಶಕಗಳ ಪೋಷಕ ನಟನ ಬದುಕು. ಎರಡು ವಾರ ಮೊದಲು ಬಂದ ‘ಛಾವಾ’ದಲ್ಲಿ ಕವಿ ಕಲಶನಾಗಿ ಪಕ್ಕದಲ್ಲೇ ನಿಂತಿದ್ದರು. ನಿರ್ಮಾಪಕರಲ್ಲಿ ಝೋಯಾ ಅಖ್ತರ್, ಫರ್ಹಾನ್ ಅಖ್ತರ್ ಇದ್ದಾರೆ. ಅವರ ತಂದೆ ಜಾವೇದ್ ಅಖ್ತರ್, ಸಲೀಂ ಖಾನ್ ಜೊತೆ ಸೇರಿ ಶೋಲೆ ಬರೆದವರು. ಅಂದರೆ ಗಬ್ಬರ್ ಮತ್ತು ಸಾಂಬಾನನ್ನು ಹುಟ್ಟಿಸಿದವರ ಮಕ್ಕಳು, ರಬ್ಬರ್ ಸಿಂಗ್‌ನನ್ನು ಹುಟ್ಟಿಸಿದವರ ಕಥೆಗೆ ದುಡ್ಡು ಹಾಕಿದರು. ಇದೇ ಝೋಯಾ 2009ರ ತಮ್ಮ ‘ಲಕ್ ಬೈ ಚಾನ್ಸ್’ನಲ್ಲಿ ಮ್ಯಾಕ್ ಮೋಹನ್ ಅವರನ್ನು ಅವರಾಗಿಯೇ ತೋರಿಸಿದ್ದರು. ನಟನಾ ಶಾಲೆಯೊಂದರ ಸಮಾರಂಭದಲ್ಲಿ ಎಲ್ಲರೂ ಕೇಳುವುದು ಆ ಹಳೆಯ ಒಂದೇ ಮಾತನ್ನು, ಅವರು ಹೇಳುತ್ತಾರೆ. ನೋಡುವಾಗ ನಗು ಬರುತ್ತದೆ, ಆಮೇಲೆ ಗಂಟಲು ಕಟ್ಟುತ್ತದೆ.

‘ಸೂಪರ್‌ಬಾಯ್ಸ್’ ನನಗೆ ಇಷ್ಟವಾದ ಚಿತ್ರ. ಅದು ಶಫೀಕ್‌ಗೆ ಸಿಗಬೇಕಾದ ಗೌರವ ಕೊಟ್ಟಿದೆ. ಆದರೂ ಒಂದು ಮಾತು ಹೇಳಬೇಕು. ಮಾಲೇಗಾಂವ್ ಬಗ್ಗೆ ನಗರದವರು ಬರೆಯುವಾಗ, ತೆಗೆಯುವಾಗ, ‘ಬಡವರ ಮುಗ್ಧ ಸಿನಿಮಾ ಹುಚ್ಚು’ ಎಂಬ ಭಾವ ಸುಲಭವಾಗಿ ಬರುತ್ತದೆ. ಅದು ಹುಚ್ಚಾಗಿರಲಿಲ್ಲ. ವಾರಕ್ಕೊಂದು ರಜೆ, ಬಾಡಿಗೆ ಕ್ಯಾಮೆರಾ, ಸ್ಥಳೀಯ ಮಾರುಕಟ್ಟೆ, ಕೈಗೆಟುಕುವ ಬಜೆಟ್, ಹಾಕಿದ ದುಡ್ಡು ವಾಪಸ್ ಬರುವ ಲೆಕ್ಕ ಇದ್ದ ಒಂದು ಸಣ್ಣ ಉದ್ಯಮ ಅದು. ಐವತ್ತು ಸಾವಿರದಲ್ಲಿ, ಇದ್ದ ಜನರನ್ನೇ ಇಟ್ಟುಕೊಂಡು ಕೆಲಸ ಮುಗಿಸಿ, ಎರಡು ತಿಂಗಳು ಜನರನ್ನು ಕರೆತಂದವರನ್ನು ಮುಗ್ಧರು ಎನ್ನಲು ಪ್ರಾಜೆಕ್ಟುಗಳ ಬಜೆಟ್ ನೋಡಿಕೊಳ್ಳುವ ನನ್ನ ಬಾಯಿ ಬರುವುದಿಲ್ಲ. ಕೊರತೆ ಇದ್ದದ್ದು ಅವರ ಬುದ್ಧಿಯಲ್ಲಿ ಅಲ್ಲ. ಅವರ ನಂತರ ಆ ಉದ್ಯಮವನ್ನು ಹಿಡಿದು ನಿಲ್ಲಿಸಬೇಕಿದ್ದ ಹಕ್ಕು, ಕರಾರು, ಆಸ್ಪತ್ರೆ, ವಿಮೆಗಳಲ್ಲಿ.

ಚರಿತ್ರೆಯನ್ನು ಪೋಷಕ ನಟರ ಕಡೆಯಿಂದ ಬರೆದರೆ ಸಿಗುವ ಲಾಭ ಇದೇ ಎಂದುಕೊಂಡಿದ್ದೇನೆ. ನಾಯಕನ ಕಥೆಯಲ್ಲಿ ಗೆಲುವು, ಸೋಲು, ಅದೃಷ್ಟ ಇರುತ್ತವೆ. ಪೋಷಕನ ಕಥೆಯಲ್ಲಿ ಕೂಲಿ, ಬಾಡಿಗೆ ಮನೆ, ರಜೆಯ ದಿನ, ಆರೋಗ್ಯ, ರಸ್ತೆಯ ದೂರ ಬರುತ್ತವೆ. ನಮ್ಮ ಊರುಗಳನ್ನು ಬಿಟ್ಟು ಬಂದು ಇನ್ನೊಂದು ನಗರದ ಕಥೆಯಲ್ಲಿ ಪಕ್ಕದ ಪಾತ್ರ ಮಾಡುತ್ತಿರುವ ನಮಗೆ ಈ ಎರಡನೆಯ ಪಟ್ಟಿ ಹೆಚ್ಚು ಅರ್ಥವಾಗುತ್ತದೆ.

ಮುಂದಿನ ಸಲ ರಾಮದೇವರ ಬೆಟ್ಟಕ್ಕೆ ಹೋದರೆ ಗೈಡುಗಳು ಗಬ್ಬರ್ ಎಲ್ಲಿ ನಿಂತಿದ್ದ, ಬಸಂತಿ ಎಲ್ಲಿ ಕುಣಿದಳು ಎಂದು ತೋರಿಸುತ್ತಾರೆ. ಸಾಂಬಾ ಕೂತ ಬಂಡೆ ಯಾವುದು ಎಂದೂ ಕೇಳಿ. ದಾರಿಯಲ್ಲಿ ಕೆಂಗೇರಿ ಹತ್ತಿರ ಅಭಿಮಾನ್ ಸ್ಟುಡಿಯೋದ ವಿಷಯ ಬಂದರೆ ಜೊತೆಗಿರುವ ಮಕ್ಕಳಿಗೆ ಬಾಲಣ್ಣನ ಹೆಸರನ್ನೂ ಹೇಳಿ. ಸೂಪರ್‌ಮ್ಯಾನ್ ಯಾರು ಎಂದು ಅವರು ಕೇಳಿದರೆ, ಚಪ್ಪಲಿ ಹಾಕಿಕೊಂಡು ಹಾರಿದ ಒಬ್ಬ ನೇಕಾರ ಇದ್ದ, ಹೆಸರು ಶಫೀಕ್ ಶೇಖ್ ಅಂತ ಹೇಳಿ.